ವೈನಿಯ ಡೆಸ್ಕ್‌ಟಾಪ್

ಯಾದಗಿರಿಯ ಬೀಜ-ಗೊಬ್ಬರದ ಅಂಗಡಿಯಲ್ಲಿ ಬಿಲ್ ಬರೆಯುವ ಕೆಲಸಕ್ಕೆ ಸೇರಿದ ಮೊದಲ ವಾರದ ದಿನಚರಿಯಲ್ಲಿ ಬೇರೇನೂ ಇಲ್ಲ, ವೈನಿ ಮಾಡಿದ ಫೋನುಗಳ ಲೆಕ್ಕವಷ್ಟೇ ಇದೆ. ಸೋಮವಾರ ಆರು. ಮಂಗಳವಾರ ಒಂಬತ್ತು. ಬುಧವಾರ ಮಾಲೀಕರು ನನ್ನ ಕಡೆ ತಿರುಗಿ, "ಫೋನಿನ್ಯಾಗ ಅಂಗಡಿ ನಡಸೋದಿದ್ರ ಶಹಾಪುರದಾಗೇ ಕುಂದರು ತಮ್ಮಾ, ಇಲ್ಲಿಗ್ಯಾಕ ಬರ್ತಿ?" ಅಂದರು.

ಶಹಾಪುರದ ಬಸ್ ನಿಲ್ದಾಣದ ಹತ್ತಿರ, ಜನರಿಗೆ ಪಹಣಿ ತೆಗೆದುಕೊಡುವ, ಅರ್ಜಿ ತುಂಬಿಕೊಡುವ ನಮ್ಮದೊಂದು ಆನ್‌ಲೈನ್ ಅಂಗಡಿ. ಈ ಕೆಲಸ ಸಿಗುವವರೆಗೆ ಅಲ್ಲಿ ನಾನೇ ಕೂರುತ್ತಿದ್ದೆ. ಅಣ್ಣ ಲಾರಿ ಹತ್ತಿದರೆ ವಾರಗಟ್ಟಲೆ ಬರುವುದಿಲ್ಲ, ಹಾಗಾಗಿ ನನ್ನ ನಂತರ ಅವನ ಹೆಂಡತಿ, ನಮ್ಮ ವೈನಿ, ಕುರ್ಚಿ ಹಿಡಿದರು. ಕನ್ನಡ ಟೈಪಿಂಗ್ ಅವರಿಗೆ ನನಗಿಂತ ಚೆನ್ನಾಗಿ ಬರುತ್ತದೆ. ಆದರೆ ಯಾವ ಕೆಲಸಕ್ಕೆ ಏನು ತೆರೆಯಬೇಕೆಂಬುದೆಲ್ಲ ನನ್ನ ಇಂಗ್ಲಿಷ್ ಹೆಸರಿನ ಫೋಲ್ಡರುಗಳ ಒಳಗೊಳಗೆ ಸೇರಿಕೊಂಡಿತ್ತು. ಫೋನ್ ಎತ್ತಿದರೆ ನನ್ನ ಕೆಲಸ ಹೋಗುತ್ತಿತ್ತು, ಎತ್ತದಿದ್ದರೆ ಅಂಗಡಿಯ ಗಿರಾಕಿ.

ಭಾನುವಾರ ಉರಿಯುವ ಕಣ್ಣಲ್ಲೇ ಕೂತು ಒಂದೊಂದು ಕೆಲಸಕ್ಕೂ ಡೆಸ್ಕ್‌ಟಾಪಿನ ಮೇಲೆ ಒಂದೊಂದು ಶಾರ್ಟ್‌ಕಟ್ ಮಾಡಿದೆ. ಪಹಣಿಗೆ ಎಲೆಯ ಚಿತ್ರ, ಫೋಟೋಕ್ಕೆ ಕ್ಯಾಮೆರಾ. ಕೆಳಗೆ ಶುದ್ಧ ಕನ್ನಡದಲ್ಲಿ ಭೂದಾಖಲೆ, ಭಾವಚಿತ್ರ, ಉದ್ಯೋಗ ಅರ್ಜಿ. ಹಿಂದೆ ನಿಂತಿದ್ದ ವೈನಿ ನಕ್ಕರು.

"ಭಾವಚಿತ್ರ ತೆಗೀರಿ ಅಂತ ಯಾರು ಬರ್ತಾರೋ ನಮ್ಮಲ್ಲಿ?"

"ಇರ್ಲಿ ಬಿಡ್ರಿ ವೈನಿ, ಸಾಕಾಗೇದ."

ಸೋಮವಾರ ನಾಲ್ಕು ಫೋನ್ ಬಂದವು. ಎರಡನ್ನು ಕಟ್ ಮಾಡಿದೆ. ಮಂಗಳವಾರ ಒಂದೂ ಇಲ್ಲ. ಬುಧವಾರವೂ ಇಲ್ಲ. ಬೇಸತ್ತು ಅಂಗಡಿ ಮುಚ್ಚಿಬಿಟ್ಟರೇನೋ ಎನ್ನಿಸಿ, ಸಂಜೆ ಬಸ್ಸಿಳಿದವನು ಮನೆಗೆ ಹೋಗದೆ ನೇರ ಅಲ್ಲಿಗೇ ಹೋದೆ.

ಅಂಗಡಿ ತೆರೆದಿತ್ತು, ಮೂವರು ಕಾಯುತ್ತಿದ್ದರು. ಪರದೆಯ ಮೇಲೆ ನಾನು ಕೊಟ್ಟ ಹೆಸರು ಒಂದೂ ಇರಲಿಲ್ಲ. ಎಲೆಯ ಕೆಳಗೆ 'ದೋರನಹಳ್ಳಿ ಕಾಕಾ' ಎಂದಿತ್ತು.

"ಇದೇನ್ರಿ ವೈನಿ?"

"ಕಾಕಾ ಬಂದ್ರ ಪಾಣಿ ಬಿಟ್ಟು ಬ್ಯಾರೇ ಏನರ ಕೇಳ್ಯಾನೇನು? ಮಂದಿ ಮುಖ ನೆನಪಿರ್ತಾವ ನನಗ. ನಿನ್ನ ಭೂದಾಖಲಿ ನೆನಪಿರಂಗಿಲ್ಲ."

"ಮತ್ತ ಈ 'ತಮ್ಮನ ಕತಿ'?"

"ನೌಕರಿ ಅರ್ಜಿ. ನಿನ್ನಷ್ಟು ಅರ್ಜಿ ಈ ಊರಾಗ ಯಾರು ಹಾಕ್ಯಾರ?"

ಕಾಯುತ್ತಿದ್ದವರೆಲ್ಲ ನಕ್ಕರು. ನಗಲು ನನಗೂ ಸ್ವಲ್ಪ ಶಕ್ತಿ ಉಳಿದಿತ್ತು.

ವೈನಿ ಪ್ರಿಂಟರಿಗೆ ಕಾಗದ ತುಂಬಲು ಎದ್ದಾಗ ಒಬ್ಬ ಹುಡುಗಿ ಬಸ್ ಪಾಸ್ ಅರ್ಜಿ ಕೇಳಿದಳು. ರೂಢಿಯಂತೆ ಕುರ್ಚಿಯಲ್ಲಿ ಕೂತು ಮೌಸ್ ಹಿಡಿದೆ. ಪರದೆಯ ತುಂಬ ವೈನಿ ಇಟ್ಟ ಹೆಸರುಗಳು: 'ಸುರಪುರದ ಟೀಚರು', 'ಹಾಸ್ಟೆಲ್ ಹುಡುಗ್ಯಾರು', 'ಕೆಂಭಾವಿ ಗಂಡ-ಹೆಂಡ್ತಿ'. ಮೇಲಿಂದ ಕೆಳಗೆ ಎರಡು ಸಲ ನೋಡಿದರೂ ಯಾವುದನ್ನು ಒತ್ತಬೇಕೆಂದು ತಿಳಿಯಲಿಲ್ಲ.

"ಬಸ್ ಪಾಸ್ ಯಾರ ಹೆಸರಿನ್ಯಾಗ ಅದರಿ ವೈನಿ?"

"ಏಳು, ಏಳು. ಮುಂಜಾನಿ ಮೊದಲನೇ ಬಸ್ಸಿಗೆ ಹೋಗಾಂವ ನೀ. ಮನಿಗೆ ಹೋಗಿ ಉಂಡು ಮಲಗು."

ಕುರ್ಚಿ ಬಿಟ್ಟುಕೊಟ್ಟು ಹೊರಗೆ ಬಂದೆ.