ಗೂಡಿನ ಡ್ರೈಯರ್‌ನಲ್ಲಿ ಒಣಗಿದ ಆರ್ಗನ್

ಕೀಚ್ ಎಂದು ಕಿರುಚಿ ಟೇಪು ನಿಂತುಬಿಟ್ಟ ಆ ಶಬ್ದ ಇನ್ನೂ ಕಿವಿಯಲ್ಲಿದೆ. ಎರಡು ಸಾವಿರದ ಇಸವಿಯಿಂದೀಚಿನ ವರ್ಷಗಳು. ನಂಜನಗೂಡಿನ ನಮ್ಮ ಮನೆಯ ಹಾಲ್. ಎಪ್ಪತ್ತರ ದಶಕದ ಕೊನೆಯಲ್ಲಿ ನನ್ನ ತಮ್ಮನ ರಾಕ್ ಬ್ಯಾಂಡು ಮಾಡಿದ ಒಂದೇ ಒಂದು ಆಲ್ಬಮ್ಮಿನ ಮೂಲ ಟೇಪು ಅದು. ಒಂದೊಂದು ಹಾಡು ಕಾಲು ಗಂಟೆ, ಏಳೇಳು ಏಟಿನ ತಾಳ. ಆರ್ಗನ್ ನುಡಿಸಿದವಳು ನಾನು. ಕಾನ್ವೆಂಟಿನ ಚಾಪೆಲ್‌ನಲ್ಲಿ ಸಿಸ್ಟರ್ ತಿದ್ದಿದ ಕೈ. ಬಟ್, ನಂಬುವವರು ಯಾರು? ರೆಕಾರ್ಡಿನಲ್ಲಿ ಗಿಟಾರಿನ ಅಬ್ಬರದಡಿ ನಾನು ಕೇಳಿಸುವುದೇ ಇಲ್ಲ. "ಮಮ್ಮೀ, ನೀವು ಫೋಟೋಗೆ ನಿಂತಿದ್ರಿ ಅಷ್ಟೇ ಅಲ್ವಾ?" ಎಂದು ನನ್ನ ಮಕ್ಕಳೇ ನಗುತ್ತಿದ್ದರು.

ನಾನು ನುಡಿಸಿದ್ದು ಬೇರೆಯಾಗಿ ಉಳಿದಿದ್ದದ್ದು ಈ ಟೇಪಿನ ಒಂದು ಟ್ರ್ಯಾಕಿನಲ್ಲಿ ಮಾತ್ರ. ತಮ್ಮ ಎಲ್ಲವನ್ನೂ ಹೊಸದಾಗಿ ಮಿಕ್ಸ್ ಮಾಡಲು ಹೊರಟರೆ ಟೇಪೇ ತೇವ ಹೀರಿ ಅಂಟಂಟಾಗಿತ್ತು.

"ಇನ್ನೊಂದ್ ಸಲ ಓಡ್ಸಿದ್ರೆ ಮೇಲಿನ ಲೇಪ ಉದುರಿಹೋಗತ್ತೆ ಅಕ್ಕ. ಐವತ್ತೈದು ಡಿಗ್ರೀಲಿ ಎಂಟ್ ಗಂಟೆ ಒಣಗಿಸ್ಬೇಕು."

ಮನೆಯ ಓವನ್ ನಂಬುವ ಹಾಗಿರಲಿಲ್ಲ. ನಾನು ಟಿ. ನರಸೀಪುರದಲ್ಲಿ ಟೀಚರ್ ಆಗಿದ್ದಾಗ ಪರಿಚಯವಾದ ಯಜಮಾನರೊಬ್ಬರು ಮೂಗೂರಿನ ಹತ್ತಿರ ಡ್ರೈಯರ್ ಇಟ್ಟುಕೊಂಡು ರೇಷ್ಮೆಗೂಡು ಒಣಗಿಸುತ್ತಿದ್ದರು. ಬೆಳಿಗ್ಗೆಯೇ ಟೇಪು ಹೊತ್ತು ಹೋದೆವು.

"ಐವತ್ತೈದ್ ಅಂದ್ರೆ ಐವತ್ತೈದೇ ಕಣ್ರವ್ವಾ, ಒಂದ್ ಡಿಗ್ರಿನೂ ಏರಕ್ಕಿಲ್ಲ," ಎಂದರು ಅವರು. "ಇದ್ರೊಳ್ಗೆ ಉಳ ಇಲ್ಲ ತಾನೇ?"

"ಹುಳ ಇಲ್ಲ ಯಜಮಾನ್ರೇ, ಅಕ್ಕ ಇದಾಳೆ," ಎಂದ ತಮ್ಮ.

ಸಂಜೆ ಟೇಪನ್ನು ಮನೆಗೆ ತಂದೆವು. ಕುತೂಹಲ ತಡೆಯದೆ ಯಜಮಾನರೂ ಜೊತೆಗೇ ಬಂದರು. ಟೇಪು ರೇಷ್ಮೆಯಂತೆ ಓಡಿತು! ತಮ್ಮ ಗಿಟಾರ್, ಡ್ರಮ್ಸ್ ಎಲ್ಲ ತಗ್ಗಿಸಿ ನನ್ನದೊಂದನ್ನೇ ಏರಿಸಿದ. ಹಾಲ್ ತುಂಬ ನನ್ನ ಆರ್ಗನ್. ಮಕ್ಕಳು ಸ್ಪೀಕರಿನ ಹತ್ತಿರಕ್ಕೆ ಸರಿದರು. ಯಜಮಾನರು ತೊಡೆ ತಟ್ಟುತ್ತಾ, "ಏಳಾಯ್ತು, ಎಂಟ್ನೇದ್ ಎಲ್ಲೋಯ್ತವ್ವಾ?" ಎಂದರು.

ತಮ್ಮ ನನ್ನತ್ತ ನೋಡಲಿಲ್ಲ. "ಅವತ್ತು ತಗ್ಗಿಸಿದ್ದು ಸ್ಟುಡಿಯೋದವ್ರಲ್ಲ ಅಕ್ಕ. ನಾನೇ. ನನ್ನ ಗಿಟಾರ್ ಮುಂದಿರ್ಲಿ ಅಂತ."

"ಗೊತ್ತಿತ್ತು ಕಣೋ. ಈಗ ಇನ್ನೂ ಸ್ವಲ್ಪ ಏರಿಸು."

ಅವನು ಏರಿಸಿದ. ರೀಮಾಸ್ಟರ್ ಆಗಿ ಬಂದ ಸಿ.ಡಿ.ಯಲ್ಲಿ ಮೊದಲು ಕೇಳಿಸುವುದೇ ನಾನು.

ಸಿ.ಡಿ. ಕೊಟ್ಟು ಹೊರಟ ತಮ್ಮನನ್ನು ನಂಜನಗೂಡು ಸ್ಟೇಷನ್ನಿನಲ್ಲಿ ಬೀಳ್ಕೊಟ್ಟೆ. ಅವನನ್ನು ನೋಡಿದ್ದು ಅದೇ ಕೊನೆ. ರೈಲು ಅಲುಗಿದಾಗ ಅವನ ಬೆರಳುಗಳು ಕಿಟಕಿಯ ಕಂಬಿಯ ಮೇಲೆ ಓಡುತ್ತಿದ್ದವು. ಗಿಟಾರಿನದಲ್ಲ, ನನ್ನ ಆರ್ಗನ್ನಿನ ಸಾಲು.