ಅಕ್ಕನ ಬಚ್ಚಲಿನ ವಾಟ

ಹೊಸೂರಿನ ನಮ್ಮ ಮನೆಯ ಬಚ್ಚಲ ಬಾಗಿಲಲ್ಲಿ ನಾಲ್ಕು ಇಂಚಿನ ಕಟ್ಟೆ ಇತ್ತು. ನೀರು ಹೊರಗೆ ಬರದಿರಲಿ ಎಂದು ನಾನೇ ಕಟ್ಟಿಸಿದ್ದು. ಅದನ್ನು ಎಡವಿಯೇ ಅಕ್ಕ ಬಿದ್ದು ಸೊಂಟದ ಮೂಳೆ ಮುರಿದುಕೊಂಡಳು. ಭಾವ ತೀರಿಕೊಂಡ ಮೇಲೆ ಅವಳು ನನ್ನ ಜೊತೆಗೇ ಇದ್ದಳು, ಮನೆಯಲ್ಲಿ ನಾವಿಬ್ಬರೇ. ಆಪರೇಷನ್ ಆಯಿತು, ಗಾಲಿಕುರ್ಚಿ ಮಾತ್ರ ಬಿಡಲಿಲ್ಲ.

ಅಂದಿನಿಂದ ಅವಳ ಸ್ನಾನ ನನ್ನ ಕೈಗೆ ಬಂತು. ಮಂಚದ ಪಕ್ಕ ಪ್ಲಾಸ್ಟಿಕ್ ಹಾಳೆ, ಒಂದು ಬಕೆಟ್ ಬಿಸಿನೀರು, ಒಂದು ಒದ್ದೆ ಬಟ್ಟೆ. ಹೂವಿನವಳನ್ನು ತಮಿಳಿನಲ್ಲಿ, ಹಾಲಿನವನನ್ನು ತೆಲುಗಿನಲ್ಲಿ ರೇಗಿಸುತ್ತ ದಿನವಿಡೀ ಬಾಯಿ ಮುಚ್ಚದ ಅಕ್ಕ, ಆ ಹತ್ತು ನಿಮಿಷ ಗೋಡೆಗೆ ಮುಖ ಮಾಡಿ ಸುಮ್ಮನಾಗಿಬಿಡುತ್ತಿದ್ದಳು. ಒಂದು ದಿನ ಹಾಗೇ ಅತ್ತ ನೋಡುತ್ತ ಹೇಳಿದಳು: "ಯಾರೂ ನೋಡ್ದಂಗೆ ಬಾಗ್ಲು ಹಾಕ್ಕೊಂಡು ನಾನೇ ನೀರು ಹುಯ್ಕೋಬೇಕು ಕಣೆ. ಇನ್ನೇನೂ ಬ್ಯಾಡ ನಂಗೆ."

ಕುರ್ಚಿ ಸಮೇತ ಒಳಗೆ ಹೋಗಬಹುದಾದ, ಕಟ್ಟೆಯೇ ಇಲ್ಲದ ಬಚ್ಚಲು ಮಾಡಿಸುತ್ತೇನೆಂದು ಮಾತು ಕೊಟ್ಟೆ. ಕೂತಲ್ಲಿಂದಲೇ ಕೈಗೆಟುಕುವ ಶವರ್, ಜಾರದ ಟೈಲ್ಸ್. ಕಟ್ಟೆ ಇಲ್ಲವೆಂದರೆ ಎಲ್ಲ ಭಾರವೂ ವಾಟದ ಮೇಲೆ. ನೀರು ಹರಿಯಲು ನೆಲಕ್ಕೆ ಕೊಡುವ ಇಳಿಜಾರಿಗೆ ನಮ್ಮ ಕಡೆ ವಾಟ ಎನ್ನುತ್ತಾರೆ. ವರ್ಷಗಟ್ಟಲೆ ಶಾಲೆಯಲ್ಲಿ ಗಣಿತ ಹೇಳಿಕೊಟ್ಟವಳು ನಾನು. ಗ್ರಾಫ್ ಹಾಳೆಯ ಮೇಲೆ ಬರೆದೆ. ಬಾಗಿಲಿಂದ ಎದುರು ಗೋಡೆಗೆ ಆರು ಅಡಿ, ಅಡಿಗೆ ಕಾಲು ಇಂಚು ಇಳಿಜಾರು, ಗೋಡೆಯುದ್ದಕ್ಕೂ ಜಾಲರಿ ಮುಚ್ಚಿದ ಕಾಲುವೆ.

ಪಕ್ಕದ ತಳಿ ಊರಿನ ಕಡೆಯ ಮೇಸ್ತ್ರಿ ಹಾಳೆಯನ್ನು ತಿರುಗಿಸಿ ಮುರುಗಿಸಿ ನೋಡಿದ. ಬಾಗಿಲ ಎದುರಿಗೇ ದೇವರ ಕೋಣೆ ಇದೆ, ಮೈ ತೊಳೆದ ನೀರು ಅತ್ತ ಹೋದರೆ ಏನು ಗತಿ, ಒಂದಿಂಚು ಕಟ್ಟೆಯಾದರೂ ಇರಲಿ ಎಂದ. ಗಾಲಿಗೆ ಒಂದಿಂಚೂ ಬೆಟ್ಟವೇ, ಬೇಡ ಎಂದು ಕಡ್ಡಿ ಮುರಿದಂತೆ ಹೇಳಿದೆ.

ಟೈಲ್ಸ್ ಕೂತ ಮೇಲೆ ಒಂದು ಬಕೆಟ್ ನೀರು ಸುರಿದೆವು. ಎಡಮೂಲೆಯಲ್ಲಿ ಅಂಗೈಯಗಲ ನೀರು ನಿಂತಿತು. ಒಡೆಸಿದೆ. ಎರಡನೆಯ ಸಲ ಮೂಲೆ ಸರಿಹೋಯಿತು, ಬಾಗಿಲ ಹತ್ತಿರ ಒಂದು ಟೈಲು ತುಸು ತಗ್ಗಾಗಿ ಅಲ್ಲಿ ಲೋಟದಷ್ಟು ನೀರು ಉಳಿಯಿತು.

"ಯಾವ ಬಚ್ಚಲ್ನಾಗೂ ಒಂದೀಟು ನೀರು ನಿಂತೇ ನಿಲ್ತದೆ ಟೀಚರಮ್ಮ, ಬಟ್ಟೆ ಹಾಕಿ ಒರೆಸ್ಬುಡಿ," ಎಂದ ಮೇಸ್ತ್ರಿ.

ಅಕ್ಕ ಬಾಗಿಲಲ್ಲೇ ಕುರ್ಚಿಯಲ್ಲಿದ್ದಳು. ತೊಡೆಯ ಮೇಲೆ ಟವೆಲ್, ಹೊಸ ಸೋಪು. ಅಂದೇ ಸ್ನಾನ ಎಂದುಕೊಂಡು ಸಿದ್ಧಳಾಗಿ ಬಂದಿದ್ದಳು.

"ನಿಂತ್ರೆ ನಿಂತ್ಕೊಳ್ಳಿ ಬಿಡೆ," ಎಂದಳು. "ನಾನೇನು ಅಲ್ಲಿ ಕುಣೀತೀನಾ? ಇವತ್ತೇ ಹುಯ್ಕೊಂಡ್ಬುಡ್ತೀನಿ."

ನಾನು ಹಿಡಿದ ಮೊಲಕ್ಕೆ ಮೂರೇ ಕಾಲು. ಒಮ್ಮೆ ಬಿದ್ದದ್ದು ಸಾಲದೇ ಎಂದು ಅವಳ ಮೇಲೆಯೇ ರೇಗಿದೆ. ಹೆದರಿಕೆ ಇದ್ದದ್ದು ನಿಜ. ಆದರೆ ನನ್ನ ಲೆಕ್ಕ ತಪ್ಪಬಾರದು ಎಂಬ ಹಟ ಅದಕ್ಕಿಂತ ದೊಡ್ಡದಿತ್ತು; ಇದನ್ನು ಈಗಲಾದರೂ ಒಪ್ಪಿಕೊಳ್ಳಬೇಕು. ಅಕ್ಕ ಕುರ್ಚಿ ತಿರುಗಿಸಿಕೊಂಡು ಕೋಣೆಗೆ ಹೋದಳು.

ಮೂರನೆಯ ಸಲ ಮೇಸ್ತ್ರಿ ಮತ್ತೆ ಟೈಲ್ಸ್ ಒಡೆದು ಕೂರಿಸಿ ಕೆಲಸ ಮುಗಿಸಿದ. ಸಿಮೆಂಟ್ ಗಟ್ಟಿಯಾಗುವವರೆಗೆ ನಾಲ್ಕು ದಿನ ಯಾರೂ ಕಾಲಿಡಬಾರದೆಂದು ಬಾಗಿಲಿಗೆ ಹಲಗೆ ಅಡ್ಡ ಇಟ್ಟೆ. ಮೂರನೆಯ ದಿನ ಬೆಳಿಗ್ಗೆ ಕಾಫಿ ಹಿಡಿದು ಹೋದರೆ ಅಕ್ಕ ಏಳಲಿಲ್ಲ. ನಿದ್ದೆಯಲ್ಲೇ ಹೃದಯ ನಿಂತಿದೆ ಎಂದರು ಡಾಕ್ಟರು.

ಕಡೆಯ ಸ್ನಾನಕ್ಕೆ ನೆಂಟರು ಅಂಗಳದಲ್ಲಿ ಬೆಂಚು ಹಾಕಿದರು. ಸುತ್ತ ಸೀರೆ ಹಿಡಿಯುತ್ತೇವೆ, ಹೆಣವನ್ನು ಬಚ್ಚಲಿಗೆ ಒಯ್ಯುವ ಪದ್ಧತಿ ನಮ್ಮಲ್ಲಿಲ್ಲ ಎಂದರು. ಗೇಟಿನಾಚೆ ಬೀದಿಯ ಜನವೆಲ್ಲ ನಿಂತಿದ್ದರು. ನಾನು ಯಾರ ಮಾತೂ ಕೇಳಲಿಲ್ಲ. ಹಲಗೆ ತೆಗೆದು, ಅಕ್ಕನನ್ನು ಅವಳ ಕುರ್ಚಿಯಲ್ಲೇ ಕೂರಿಸಿ ತಳ್ಳಿದೆ. ಗಾಲಿಗಳು ಎಲ್ಲಿಯೂ ತಡೆಯದೆ ಒಳಗೆ ಹೋದವು.

ಮೂವರು ಹೆಂಗಸರು ಹಿಡಿದುಕೊಂಡರು, ನಾನು ಚೊಂಬಿನಲ್ಲಿ ನೀರು ಹುಯ್ದೆ. ನೀರು ನೇರ ಜಾಲರಿಗೆ ಹೋಯಿತು, ಒಂದು ಹನಿಯೂ ನಿಲ್ಲಲಿಲ್ಲ. ವಾಟ ಚೆನ್ನಾಗಿ ಕೊಡಿಸಿದ್ದೀಯ ಎಂದರು ಚಿಕ್ಕಮ್ಮ. ಅವರನ್ನೆಲ್ಲ ಹೊರಗೆ ಕಳಿಸಿ ಬಾಗಿಲು ಹಾಕಿಕೊಂಡೆ.

ಚೊಂಬು ತುಂಬಿ ಅಕ್ಕನ ಕೈಗೆ ಕೊಟ್ಟೆ. ಬೆರಳು ಮುಚ್ಚಲಿಲ್ಲ, ಚೊಂಬು ಜಾರಿ ನೆಲಕ್ಕೆ ಬಿತ್ತು. ಎತ್ತಿ ಮತ್ತೆ ತುಂಬಿಸಿ, ನಾನೇ ಹುಯ್ದೆ.