ಆಗ್ಲಿ ಬುದ್ಧಿ

ತೊಂಬತ್ತರ ದಶಕದ ಮಾತು. ಬಿಂಡಿಗನವಿಲೆ ಕಡೆಯ ನಮ್ಮೂರಿನ ಗೌಡರಿಗೆ ಎರಡೂ ಕಿಡ್ನಿ ಕೆಟ್ಟವು. ಬೇರೆಯವರದೊಂದನ್ನು ಹಾಕಿದರೆ ಉಳಿಯುತ್ತಾರೆ ಎಂದು ಬೆಂಗಳೂರಿನಲ್ಲಿ ಹೇಳಿದರಂತೆ. ಮನೆ ತುಂಬ ತಮ್ಮಂದಿರು, ಆಳೆತ್ತರ ಬೆಳೆದ ಮಕ್ಕಳು. ಆದರೂ ಅವರಿಗೆ ನೆನಪಾದದ್ದು ಹೊಲದಲ್ಲಿ ಗೇಯುತ್ತಿದ್ದ ನಮ್ಮಪ್ಪ.

ನಮ್ಮ ಕೇರಿಯವರು ಗೌಡರ ಜಗಲಿ ಹತ್ತುವಂತಿರಲಿಲ್ಲ. ಕಿಡ್ನಿ ಮಾತ್ರ ಸೀದಾ ಗೌಡರ ಹೊಟ್ಟೆಯೊಳಕ್ಕೇ ಹೋಗಬಹುದಿತ್ತು. ಹೀಗೆಂದಾಗ ಅವ್ವ ನನ್ನ ಬಾಯಿ ಮುಚ್ಚಿಸಿದಳು. ಆಮೇಲೆ ಒಲೆ ಮುಂದೆ ಕೂತು ಅತ್ತಳು.

"ಏನ್ಲಾ, ಕೊಡ್ತೀಯಾ?" ಎಂದು ಗೌಡರ ತಮ್ಮ ಕೇಳಿದ್ದ. ಅಪ್ಪ "ಆಗ್ಲಿ ಬುದ್ಧಿ" ಅಂದಿದ್ದ. ಬಿತ್ತನೆಗೆ ಕರೆದರೂ, ಹಬ್ಬದ ದಿನ ಸೌದೆ ಒಡೆಯಲು ಹೇಳಿದರೂ ಅಪ್ಪನ ಬಾಯಲ್ಲಿ ಬರುತ್ತಿದ್ದದ್ದು ಅದೊಂದೇ.

ಟೀಚರ್ ಟ್ರೈನಿಂಗ್ ಓದುತ್ತಿದ್ದ ಮಗಳು ನಾನು, ಹಟ ಮಾಡಿ ಜೊತೆಗೆ ಹೋದೆ. ಆಸ್ಪತ್ರೆಯಲ್ಲಿ ಡಾಕ್ಟರು ಗೌಡರ ಕಡೆಯವರನ್ನೆಲ್ಲ ಹೊರಗೆ ಕಳಿಸಿ ನಮ್ಮಿಬ್ಬರನ್ನೇ ಕೂರಿಸಿಕೊಂಡರು. ಅಪ್ಪನ ರಕ್ತ ಗೌಡರದಕ್ಕೆ ಕೂಡುತ್ತದೆ ಎಂದರು.

"ಒಂದು ತೆಗೆದ್ರೂ ಇನ್ನೊಂದರಲ್ಲಿ ಬದುಕ್ಬಹುದು. ಕೊಡೋಕೆ ನಿಮಗೆ ಮನಸ್ಸಿದೆಯಾ?"

"ಆಗ್ಲಿ ಬುದ್ಧಿ."

"ಮನೇಲಿ ಒಪ್ಪಿದ್ದಾರಾ?"

"ಆಗ್ಲಿ ಬುದ್ಧಿ."

ಡಾಕ್ಟರು ಕನ್ನಡಕ ತೆಗೆದು ಅಪ್ಪನನ್ನೇ ನೋಡಿದರು. "ಎರಡನ್ನೂ ತೆಗೆದುಬಿಡೋಣ್ವಾ?"

ಅಪ್ಪ ತಲೆ ತಗ್ಗಿಸಿದ. "ಆಗ್ಲಿ ಬುದ್ಧಿ."

ಡಾಕ್ಟರು ಎದ್ದು ಬಾಗಿಲು ತೆರೆದರು. ಗೌಡರ ತಮ್ಮನಿಗೆ, "ಇವರದು ನಿಮ್ಮಣ್ಣನಿಗೆ ಆಗಿಬರಲ್ಲ. ನಿಮ್ಮ ಮನೆಯವರೇ ಬಂದು ಪರೀಕ್ಷೆ ಮಾಡಿಸ್ಕೊಳ್ಳಿ" ಅಂದರು. ಹಸಿ ಸುಳ್ಳು. ನನಗೆ ಹೋದ ಜೀವ ಬಂದಂತಾಯಿತು. ಕೊನೆಗೆ ಆ ತಮ್ಮನೇ ಕೊಟ್ಟ; ಅಣ್ಣತಮ್ಮಂದಿರಿಬ್ಬರೂ ಗಟ್ಟಿಯಾಗಿಯೇ ಬಾಳಿದರು. ಅದನ್ನು ಕಂಡ ಮೇಲೆ ನನ್ನೊಳಗೆ ಉಳಿದಿದ್ದ ಒಂದಿಷ್ಟು ಅಳುಕೂ ಹೋಯಿತು.

ಅವತ್ತು ನಾಗಮಂಗಲದಿಂದ ಊರಿಗೆ ಬರುವ ಬಸ್ಸಿನಲ್ಲಿ ಮಾತ್ರ ಅಪ್ಪ ಸಪ್ಪಗಿದ್ದ. "ನಮ್ಮಂತೋರ್ದು ಗೌಡ್ರಿಗೆ ಎಲ್ಲಿ ಒಗ್ಗಾದು ಬುಡು" ಅಂದ. ನನಗೆ ರೇಗಿತು.

"ಒಗ್ತಿತ್ತು ಕಣಪ್ಪ. ಡಾಕ್ಟ್ರೇ ನಿನ್ನ ಉಳಿಸವ್ರೆ. ನಿಜ ಯೋಳು, ಕೊಡಕ್ಕೆ ನಿಂಗೆ ಇಷ್ಟ ಇತ್ತಾ?"

ಹಿಂದೆ ಮುಂದೆ ಸೀಟಿನಲ್ಲಿ ನಮ್ಮೂರವರು ಯಾರಾದರೂ ಇದ್ದಾರೆಯೇ ಎಂದು ಅಪ್ಪ ತಿರುಗಿ ತಿರುಗಿ ನೋಡಿದ. ಆಮೇಲೆ ನನ್ನ ಕಿವಿಯ ಹತ್ತಿರ ಬಾಗಿ, "ಇರ್ನಿಲ್ಲ ಕಣವ್ವ" ಅಂದ.